ಚರ್ಚು ಮುಳುಗಿತು, ಊರು ಎದ್ದು ಹೋಯಿತು

ಹೇಮಾವತಿಯ ಹಿನ್ನೀರಿನಲ್ಲಿ ಮಳೆಗಾಲಕ್ಕೊಮ್ಮೆ ಮುಳುಗಿ ಬೇಸಿಗೆಗೊಮ್ಮೆ ಏಳುವ ಶೆಟ್ಟಿಹಳ್ಳಿಯ ಚರ್ಚು ಇವತ್ತು ಮೊಬೈಲ್ ಹಿಡಿದವರಿಗೆಲ್ಲ ಗೊತ್ತು. ಆ ಚರ್ಚಿನ ಒಕ್ಕಲು ಎಲ್ಲಿಗೆ ಹೋಯಿತು ಎಂದು ಕೇಳುವವರು ಮಾತ್ರ ಕಡಿಮೆ!

ಆಗಸ್ಟ್ ತಿಂಗಳ ಭಾನುವಾರ. ಗೊರೂರು ಅಣೆಕಟ್ಟೆಯ ಹಿನ್ನೀರಿನ ಮೇಲೆ ಜಿಟಿಜಿಟಿ ಮಳೆ. ನಡುನೀರಿನಲ್ಲಿ ಬೋಳು ಗೋಡೆಗಳು ನಿಂತಿವೆ. ಕಮಾನುಗಳ ಅರ್ಧ ನೀರೊಳಗೆ, ಅರ್ಧ ಮೇಲೆ. ಒಂದು ಕಂಬದ ತುದಿಯಲ್ಲಿ ನೀರುಕಾಗೆ ರೆಕ್ಕೆ ಬಿಚ್ಚಿ ಒಣಗಲು ಕೂತಿದೆ, ಬಿಸಿಲೇ ಇಲ್ಲದಿದ್ದರೂ.

ದಡದಲ್ಲಿ ಸಂತೆ. ಮುಸುಕಿನ ಜೋಳ ಸುಡುವವರು, ಬೈಕಿನಲ್ಲಿ ಬಂದ ಕಾಲೇಜು ಹುಡುಗರು, ಮಳೆಗೆ ಹೆದರಿ ಕಾರಿನಿಂದ ಇಳಿಯದ ಅಜ್ಜಿ. ತಲೆ ಮೇಲೆ ಡ್ರೋನ್ ಗುಂಯ್‌ಗುಡುತ್ತಿದೆ. ಮದುವೆಗೆ ಮುಂಚಿನ ಶೂಟಿಂಗಿಗೆಂದು ಬಂದ ಹುಡುಗಿ ಉದ್ದನೆಯ ಬಿಳಿ ಗೌನನ್ನು ಕೆಸರಿಗೆ ತಾಗದಂತೆ ಎತ್ತಿ ಹಿಡಿದಿದ್ದಾಳೆ. "ಸರ್, ಮೇಡಂ ಕೈ ಹಿಡ್ಕೊಳ್ಳಿ, ಇಬ್ರೂ ಚರ್ಚ್ ಕಡೆ ನೋಡಿ," ಎನ್ನುತ್ತಾನೆ ಫೋಟೋದವನು.

ಇಬ್ಬರೂ ನೋಡುತ್ತಾರೆ. ಅಲ್ಲಿ ಕಡೆಯ ಮದುವೆ ನಡೆದು ನಾಲ್ಕು ದಶಕವೇ ದಾಟಿದೆ.

ಇದೇ ಜಾಗಕ್ಕೆ ಏಪ್ರಿಲ್‌ನಲ್ಲಿ ಬಂದರೆ ಬೇರೆಯದೇ ಲೋಕ. ನೀರು ಹಿಂದೆ ಸರಿದು ನೆಲ ಬಿರಿದಿರುತ್ತದೆ. ದನ ಮೇಯುತ್ತಿರುತ್ತವೆ. ಚರ್ಚಿನ ಬಾಗಿಲಿದ್ದ ಕಡೆಯಿಂದ ನಡೆದೇ ಒಳಗೆ ಹೋಗಿ, ಪೀಠವಿದ್ದ ಜಾಗದವರೆಗೂ ಕಾಲಿಗೆ ಹನಿ ನೀರು ತಾಗದೆ ಬರಬಹುದು. ಮೇಲೆ ಚಾವಣಿ ಇಲ್ಲ, ಆಕಾಶ.

ಹಾಸನದಿಂದ ಸುಮಾರು 20 ಕಿ.ಮೀ. ದೂರದ ಈ ಶೆಟ್ಟಿಹಳ್ಳಿ ಜಪಮಾಲೆ ಮಾತೆಯ ದೇವಾಲಯಕ್ಕೆ ಅಂತರ್ಜಾಲ ಕೊಟ್ಟ ಹೆಸರುಗಳು ಹಲವು: ತೇಲುವ ಚರ್ಚು, ಮುಳುಗುವ ಚರ್ಚು. ತೇಲುವ ಮಾತು ಶುದ್ಧ ಸುಳ್ಳು. ಅದು ಇದ್ದಲ್ಲೇ ಇದೆ. ಏರಿಳಿಯುವುದು ನೀರು.

ದೊಡ್ಡ ಸ್ವಾಮಿಯವರು

ಕಥೆ ಶುರುವಾಗುವುದು ಶ್ರೀರಂಗಪಟ್ಟಣದಲ್ಲಿ. ಮೈಸೂರು ಸೀಮೆಗೆ ಕ್ರೈಸ್ತ ಮಿಷನ್ ಬಂದದ್ದು 17ನೇ ಶತಮಾನದ ನಡುಭಾಗದಲ್ಲಿ, ಇಟಲಿಯ ಯೇಸುಸಭೆಯ ಗುರು ಲಿಯೊನಾರ್ದೊ ಚಿನ್ನಾಮಿ ಅವರ ಮೂಲಕ. 1773ರಲ್ಲಿ ಪೋಪರು ಯೇಸುಸಭೆಯನ್ನೇ ರದ್ದು ಮಾಡಿದಾಗ ಇಲ್ಲಿನ ಒಕ್ಕಲು ಗುರುಗಳಿಲ್ಲದೆ ಬಡವಾಯಿತು. ಅವರ ಜಾಗಕ್ಕೆ ಬಂದವರು ಪ್ಯಾರಿಸ್ಸಿನ ವಿದೇಶೀ ಮಿಷನ್ ಸಂಘದ ಫ್ರೆಂಚರು.

ಅವರಲ್ಲೊಬ್ಬರು ಅಬ್ಬೆ ದುಬೊಯ್. ಫ್ರಾನ್ಸಿನಲ್ಲಿ ಕ್ರಾಂತಿಯ ಕಿಚ್ಚು ಹತ್ತಿದ್ದಾಗ, 1792ರಲ್ಲಿ ಹಡಗು ಹತ್ತಿ ಬಂದವರು. 1799ರಲ್ಲಿ ಟಿಪ್ಪು ಮಡಿದು ಶ್ರೀರಂಗಪಟ್ಟಣ ಬಿದ್ದ ಮೇಲೆ, ಚದುರಿಹೋಗಿದ್ದ ಕ್ರೈಸ್ತರನ್ನು ಒಟ್ಟುಗೂಡಿಸುವ ಕೆಲಸ ಅವರ ಪಾಲಿಗೆ ಬಂತು. ಮೈಮೇಲೆ ದೇಶೀ ಉಡುಪು, ತಲೆಗೆ ರುಮಾಲು, ಕೈಯಲ್ಲಿ ಬಿದಿರಿನ ಕೋಲು. ಜನ ಕರೆದದ್ದು ದೊಡ್ಡ ಸ್ವಾಮಿಯವರು ಎಂದು.

ದೊಡ್ಡ ಸ್ವಾಮಿಯವರು ಸಿಡುಬಿಗೆ ದಾಕು ಹಾಕಿಸಿದರು. ಹಿಂದೂ ಆಚಾರ ವಿಚಾರಗಳ ಬಗ್ಗೆ ಬರೆದ ಹಸ್ತಪ್ರತಿಯನ್ನು 1807ರಲ್ಲಿ ಈಸ್ಟ್ ಇಂಡಿಯಾ ಕಂಪನಿಗೆ 2,000 ಸ್ಟಾರ್ ಪಗೋಡಕ್ಕೆ ಮಾರಿದರು. ಆ ಪುಸ್ತಕವನ್ನು ಇವತ್ತಿಗೂ ಕೆಲವರು ಹೊಗಳಲು, ಕೆಲವರು ಬೈಯಲು ಓದುತ್ತಾರೆ. ನಮ್ಮ ಕಥೆಗೆ ಮುಖ್ಯವಾದದ್ದು ಅವರ ಮೂರನೆಯ ಕೆಲಸ: ಹಾಸನದ ಸೀಮೆಯಲ್ಲಿ ಅವರು ಕ್ರೈಸ್ತ ರೈತರ ನೆಲೆಗಳನ್ನು ಕಟ್ಟಿದರು. ನೆಲ ಕೊಟ್ಟು, ಉಳುಮೆಗೆ ಹಚ್ಚಿ, ಊರಾಗಿಸಿದರು.

ತಮಾಷೆಯೆಂದರೆ, 1823ರಲ್ಲಿ ಭಾರತ ಬಿಡುವಾಗ ದೊಡ್ಡ ಸ್ವಾಮಿಯವರಿಗೆ ತಮ್ಮ ಕೆಲಸದ ಮೇಲೆ ಭರವಸೆಯೇ ಉಳಿದಿರಲಿಲ್ಲ. ಈ ದೇಶದಲ್ಲಿ ಕ್ರೈಸ್ತ ಧರ್ಮ ಬೇರೂರದು ಎಂದು ಅದೇ ವರ್ಷ ಪುಸ್ತಕ ಬರೆದೇ ಬಿಟ್ಟರು. ಅವರು 1848ರಲ್ಲಿ ಪ್ಯಾರಿಸ್ಸಿನಲ್ಲಿ ತೀರಿಕೊಂಡರು. ಹಾಸನದ ಒಕ್ಕಲು ಮಾತ್ರ ಅವರ ಪುಸ್ತಕ ಓದಲಿಲ್ಲ, ಹೊಲ ಉತ್ತುಕೊಂಡು ಉಳಿಯಿತು.

ಯಾರಿಗಾಗಿ ಕಟ್ಟಿದ್ದು?

ಶೆಟ್ಟಿಹಳ್ಳಿಯ ಚರ್ಚನ್ನು ದುಬೊಯ್ ಅವರೇ ಕಟ್ಟಿಸಿದರೆಂದು ಬರೆಯುವವರಿದ್ದಾರೆ. ಈಗ ನಾವು ನೋಡುವ ಗೋಥಿಕ್ ಕಟ್ಟಡ ಎದ್ದದ್ದು 1860ರ ದಶಕದಲ್ಲಿ, ಅಂದರೆ ಅವರು ತೀರಿಕೊಂಡು ಹತ್ತು ವರ್ಷಕ್ಕೂ ಹೆಚ್ಚು ಕಳೆದ ಮೇಲೆ. ಊರಿನ ಬೀಜ ಅವರ ಕಾಲದ್ದಿರಬಹುದು, ಗೋಡೆ ಅವರದಲ್ಲ.

ಇನ್ನೊಂದು ಮಾತು ಪ್ರವಾಸಿ ಲೇಖನಗಳಲ್ಲಿ ತಪ್ಪದೆ ಬರುತ್ತದೆ: ಆಲೂರು, ಸಕಲೇಶಪುರದ ಶ್ರೀಮಂತ ಬ್ರಿಟಿಷ್ ಎಸ್ಟೇಟ್ ಮಾಲೀಕರಿಗಾಗಿ ಕಟ್ಟಿದ ಚರ್ಚಿದು ಅಂತ. ಸಕಲೇಶಪುರ ಸುತ್ತಲಿನ ಮಂಜರಾಬಾದ್ ಸೀಮೆಯಲ್ಲಿ ಆಗ ಕಾಫಿ ತೋಟಗಳು ಹಬ್ಬುತ್ತಿದ್ದದ್ದು ನಿಜ. ಆದರೆ ಬ್ರಿಟಿಷ್ ತೋಟಗಾರರಲ್ಲಿ ಹೆಚ್ಚಿನವರು ಪ್ರಾಟೆಸ್ಟೆಂಟರು. ಫ್ರೆಂಚ್ ಕ್ಯಾಥೊಲಿಕ್ ಗುರುಗಳು ಜಪಮಾಲೆ ಮಾತೆಯ ಹೆಸರಿನಲ್ಲಿ, ಕಾಫಿ ತೋಟಗಳನ್ನು ಬಿಟ್ಟು ಹೊಳೆದಂಡೆಯ ರಾಗಿ ಹೊಲಗಳ ನಡುವೆ, ಆ ಸಾಹೇಬರಿಗಾಗಿ ಇಷ್ಟು ದೊಡ್ಡ ಗುಡಿ ಕಟ್ಟಿದರೆಂಬುದು ನನಗೆ ನಂಬಲಾಗದ ಮಾತು. ಕಟ್ಟಿದ್ದು ಊರವರಿಗೆ. ಚೌರಪ್ಪ, ಚಿನ್ನಪ್ಪ, ರಾಯಪ್ಪ, ಇನ್ನಾಸಪ್ಪ ಎಂದೆಲ್ಲ ಹೆಸರಿಟ್ಟುಕೊಳ್ಳುವ, ಕನ್ನಡದಲ್ಲೇ ಜಪಸರ ಹೇಳುವ ಒಕ್ಕಲುಮಕ್ಕಳಿಗೆ.

ಆ ಫ್ರೆಂಚರಿಗೂ ಕನ್ನಡದ ನಂಟು ಗಟ್ಟಿಯಾಗಿತ್ತು. ಮೈಸೂರು ಪ್ರಾಂತದ ಬಿಷಪ್ ಶಾರ್ಬೊನೊ ಅವರ ಲ್ಯಾಟಿನ್–ಕನ್ನಡ ನಿಘಂಟು ಬೆಂಗಳೂರಿನಲ್ಲಿ ಅಚ್ಚಾದದ್ದು 1861ರಲ್ಲಿ. ಕಿಟೆಲ್ ನಿಘಂಟು ಬರಲು ಇನ್ನೂ 33 ವರ್ಷ ಇತ್ತು. ಶೆಟ್ಟಿಹಳ್ಳಿಯ ಕಮಾನುಗಳೂ ಅದೇ ದಶಕದವು.

ಗಾರೆಗೆ ಬೆಲ್ಲ, ಮೊಟ್ಟೆ ಬೆರೆಸಿದ್ದರು ಎನ್ನುತ್ತಾರೆ. ಕಿಟಕಿಗೆ ಬೆಲ್ಜಿಯಂ ಗಾಜು ಇತ್ತು ಎನ್ನುತ್ತಾರೆ. ಹಳೆಯ ಕಟ್ಟಡ ಎಲ್ಲೇ ಗಟ್ಟಿಯಾಗಿ ನಿಂತಿರಲಿ, ಬೆಲ್ಲ ಮತ್ತು ಮೊಟ್ಟೆಗೆ ಅದರಲ್ಲಿ ಪಾಲು ಕೊಡುವುದು ನಮ್ಮಲ್ಲಿ ರೂಢಿ. ಸುಣ್ಣದ ಗಾರೆಗೆ ಬೆಲ್ಲ ಹಾಕುತ್ತಿದ್ದದ್ದಂತೂ ಸುಳ್ಳಲ್ಲ.

ನೀರು ಬಂತು

ಹೇಮಾವತಿ ಹುಟ್ಟುವುದು ಮೂಡಿಗೆರೆ ಕಡೆಯ ಘಟ್ಟದಲ್ಲಿ. ಸಕಲೇಶಪುರ ದಾಟಿ, ಗೊರೂರಿನ ಹತ್ತಿರ ಯಗಚಿಯನ್ನು ಕೂಡಿಕೊಂಡು, ಮುಂದೆ ಕೆ.ಆರ್.ಎಸ್. ಹಿನ್ನೀರಿನಲ್ಲಿ ಕಾವೇರಿಯನ್ನು ಸೇರುತ್ತದೆ. ಗೊರೂರು ಅಂದಕೂಡಲೆ ಕನ್ನಡಿಗರಿಗೆ ನೆನಪಾಗುವುದು ಗೊರೂರು ರಾಮಸ್ವಾಮಿ ಅಯ್ಯಂಗಾರರು. 'ಹಳ್ಳಿಯ ಚಿತ್ರಗಳು', 'ನಮ್ಮ ಊರಿನ ರಸಿಕರು' ಪುಸ್ತಕಗಳಲ್ಲಿ ಈ ಹೊಳೆದಂಡೆಯ ಬದುಕನ್ನು ನಗುನಗುತ್ತ ಹೇಳಿದವರು. ಅವರ ಕಣ್ಣೆದುರಿಗೇ ಆ ಹೊಳೆಗೆ ಅಣೆಕಟ್ಟು ಬಂತು.

ಕಾವೇರಿ ನೀರಿನ ಬಗ್ಗೆ ಮೈಸೂರು ಮತ್ತು ಮದ್ರಾಸು 1924ರಲ್ಲಿ ಮಾಡಿಕೊಂಡ ಒಪ್ಪಂದದ ಐವತ್ತು ವರ್ಷ 1974ಕ್ಕೆ ಮುಗಿಯಿತು. ಆ ಹೊತ್ತಿಗೆ ಕರ್ನಾಟಕ ಕಬಿನಿ, ಹಾರಂಗಿ, ಹೇಮಾವತಿ ಯೋಜನೆಗಳನ್ನು ಕೈಗೆತ್ತಿಕೊಂಡಾಗಿತ್ತು. ತಮಿಳುನಾಡಿನ ತಕರಾರು ಇತ್ತು, ಕೇಂದ್ರದ ಮಂಜೂರಾತಿ ಇರಲಿಲ್ಲ. ರಾಜ್ಯ ತನ್ನದೇ ಹಣ ಸುರಿದು ಕಟ್ಟಿತು. ಹೇಮಾವತಿ ಅಣೆಕಟ್ಟು ಮುಗಿದದ್ದು 1979ರಲ್ಲಿ.

ಹಾಸನ, ಮಂಡ್ಯ, ತುಮಕೂರಿನ ಬಯಲಿಗೆ ನೀರು ಹರಿಯಿತು. ಬರದ ಸೀಮೆಯಲ್ಲಿ ಭತ್ತ, ಕಬ್ಬು ಬಂದವು. ಅದನ್ನು ಹೇಳದೆ ಬರೀ ಮುಳುಗಿದ ಗೋಡೆಯ ಮುಂದೆ ಕೂತು ಅಳುವುದು ಅರ್ಧ ಸತ್ಯ. ಆದರೆ ನೀರು ಪಡೆದ ಊರುಗಳ ಪಟ್ಟಿ ನೀರಾವರಿ ಇಲಾಖೆಯ ಪ್ರತಿ ಪುಸ್ತಿಕೆಯಲ್ಲೂ ಇರುತ್ತದೆ, ನೀರಿಗೆ ಜಾಗ ಬಿಟ್ಟ ಊರುಗಳ ಪಟ್ಟಿ ಹುಡುಕಬೇಕು.

ಶೆಟ್ಟಿಹಳ್ಳಿ ಆ ಎರಡನೆಯ ಪಟ್ಟಿಯ ಊರು. ಜಮೀನು ಹೋದದ್ದು 1894ರ ಭೂಸ್ವಾಧೀನ ಕಾಯ್ದೆಯ ಕಾಲದಲ್ಲಿ. ಆ ಕಾಯ್ದೆಗೆ ಗೊತ್ತಿದ್ದದ್ದು ಎಕರೆ, ಗುಂಟೆ ಮತ್ತು ಪರಿಹಾರದ ರೂಪಾಯಿ ಮಾತ್ರ. ಪುನರ್ವಸತಿಯನ್ನೂ ಭೂಸ್ವಾಧೀನದ ಜೊತೆಗೇ ಹಕ್ಕಾಗಿ ಬರೆದ ಕೇಂದ್ರ ಕಾಯ್ದೆ ಬಂದದ್ದು 2013ರಲ್ಲಿ. ಹೊಲಕ್ಕೆ ದರ ಕಟ್ಟಬಹುದು, ಮನೆಯ ಹೆಂಚು, ತೊಲೆಗೂ ಕಟ್ಟಬಹುದು. ತಾತ ಮುತ್ತಾತಂದಿರನ್ನು ಮಣ್ಣು ಮಾಡಿದ ಜಾಗಕ್ಕೆ, ತಲೆಮಾರುಗಳಿಗೆ ಜ್ಞಾನಸ್ನಾನ ಕೊಟ್ಟ ತೊಟ್ಟಿಗೆ ದರದ ಕಾಲಂ ಇರಲಿಲ್ಲ.

ಜನ ಗಂಟುಮೂಟೆ ಕಟ್ಟಿ ಎತ್ತರದ ನೆಲಕ್ಕೆ ಹೋದರು. ಮರಿಯನಗರ, ಜೋಸೆಫ್ ನಗರ ಎಂಬಂಥ ಹೆಸರಿನ ಹೊಸ ಊರುಗಳು ಎದ್ದವು. ಹೊಲ ಬಿಟ್ಟವರು ಹೊಸ ಊರಿಗೆ ಸಂತರ ಹೆಸರನ್ನಾದರೂ ಕರೆದುಕೊಂಡು ಹೋದರು.

ಬಾಕ್ಸ್ | ನಮ್ಮ ಅಳತೆಯಲ್ಲಿ ಹೇಮಾವತಿ

ಉದ್ದ, ಎತ್ತರ: ಗೊರೂರಿನ ಅಣೆಕಟ್ಟು 4,692 ಮೀಟರ್ ಉದ್ದ, 58.5 ಮೀಟರ್ ಎತ್ತರ. ಪೂರ್ಣ ಮಟ್ಟ ಸಮುದ್ರಮಟ್ಟದಿಂದ 2,922 ಅಡಿ.

ನೀರು: 37.1 ಟಿಎಂಸಿ. ಸವದತ್ತಿಯ ನವಿಲುತೀರ್ಥ (37.73 ಟಿಎಂಸಿ) ಹೆಚ್ಚುಕಡಿಮೆ ಇಷ್ಟೇ. ನಮ್ಮ ಬೆಳಗಾವಿ ಕಡೆಯ ಹಿಡಕಲ್ ಇದಕ್ಕಿಂತ ದೊಡ್ಡದು, 51 ಟಿಎಂಸಿ.

ಹರವು: ತುಂಬಿದಾಗ ನೀರು ನಿಲ್ಲುವ ನೆಲ 8,502 ಹೆಕ್ಟೇರ್.

ಹಬ್ಬದ ದಿನ

ಜಪಮಾಲೆ ಮಾತೆಯ ಹಬ್ಬ ಅಕ್ಟೋಬರ್ 7. ಕ್ಯಾಥೊಲಿಕರಿಗೆ ಆ ತಿಂಗಳಿಡೀ ಜಪಮಾಲೆಯ ತಿಂಗಳು. 1571ರಲ್ಲಿ ಲೆಪಾಂಟೊ ಕಡಲಕಾಳಗ ಗೆದ್ದ ನೆನಪಿಗೆ ಹುಟ್ಟಿಕೊಂಡ ಹಬ್ಬವದು.

ಮುಂಗಾರು ಮುಗಿದು ಅಣೆಕಟ್ಟು ತುಂಬಿ ನಿಲ್ಲುವ ಕಾಲವೂ ಅದೇ. ಹಾಗಾಗಿ ಒಳ್ಳೆಯ ಮಳೆಯಾದ ವರ್ಷ, ಈ ಚರ್ಚಿನ ಹಬ್ಬ ಬರುವ ಹೊತ್ತಿಗೆ ಚರ್ಚೇ ನೀರಿನಲ್ಲಿರುತ್ತದೆ. ಮಳೆ ಕೈಕೊಟ್ಟ ವರ್ಷ ಮಾತ್ರ ಹಬ್ಬಕ್ಕೆ ನೆಲ ಸಿಗುತ್ತದೆ. ರೈತಾಪಿ ಜನ ಇಂಥ ಹಬ್ಬವನ್ನು ಬೇಡಿಕೊಳ್ಳುವುದಾದರೂ ಹೇಗೆ?

ಹುನ್ನೂರಿನ ವಿಠ್ಠಲ

ಬೆಳಗಾವಿಯ ವಡಗಾವಿಯಲ್ಲಿರುವ ನಮಗೆ ಶೆಟ್ಟಿಹಳ್ಳಿ ನಾನೂರು ಕಿಲೋಮೀಟರಿಗೂ ಆಚೆ. ಕಥೆ ಮಾತ್ರ ಮನೆಬಾಗಿಲಿನದು. ಇಲ್ಲಿ ಮಂಗಾಯಿ ಜಾತ್ರೆ ಮುಗಿದು ಮಳೆ ಹಿಡಿದುಕೊಂಡಿತೆಂದರೆ ಅತ್ತ ಹಿಡಕಲ್‌ನಲ್ಲಿ ಘಟಪ್ರಭೆಯ ನೀರು ಏರುತ್ತದೆ. ಏರಿದಂತೆ ಹಳೆ ಹುನ್ನೂರಿನ ವಿಠ್ಠಲ ಗುಡಿ ಮುಳುಗುತ್ತದೆ.

ಕಲ್ಲಿನ ಗುಡಿ. ವರ್ಷದ ಬಹುಪಾಲು ನೀರೊಳಗೇ ಇದ್ದು, ಬೇಸಿಗೆಯಲ್ಲಿ ನೀರು ಇಳಿದಾಗ ಹೊರಬರುತ್ತದೆ. ಆಗ ಪತ್ರಿಕೆಗಳಲ್ಲಿ ಫೋಟೋ, ಭಾನುವಾರ ಜನಸಾಗರ. ಆ ಅಣೆಕಟ್ಟಿಗೆ ವಂಟಮುರಿಯ ರಾಜಾ ಲಖಮಗೌಡ ಸರ್‌ದೇಸಾಯಿ ಅವರ ಹೆಸರು. ಬೆಳಗಾವಿಯಲ್ಲಿ ಆರ್.ಎಲ್.ಎಸ್. ಕಾಲೇಜಿನಲ್ಲಿ ಓದಿದವರಿಗೆಲ್ಲ ಗೊತ್ತಿರುವ ಅದೇ ಹೆಸರು.

ಶೆಟ್ಟಿಹಳ್ಳಿಗೂ ಹುನ್ನೂರಿಗೂ ಒಂದು ವ್ಯತ್ಯಾಸ ಇದೆ. ಹುನ್ನೂರಿನ ಗುಡಿಗೆ ಕಲ್ಲಿನ ಚಪ್ಪರ ಇನ್ನೂ ತಲೆಮೇಲಿದೆ, ಮೂಲೆಮೂಲೆಯೂ ಬಿಗಿ. ಶೆಟ್ಟಿಹಳ್ಳಿಯ ಗೋಡೆಗಳಿಗೆ ಆ ಭಾಗ್ಯವಿಲ್ಲ.

ಗೋಡೆ ಎಷ್ಟು ದಿನ?

ಸದಾ ನೀರೊಳಗೇ ಇದ್ದಿದ್ದರೆ ಚರ್ಚು ಇಷ್ಟು ಸವೆಯುತ್ತಿರಲಿಲ್ಲ. ಸದಾ ಒಣ ನೆಲದ ಮೇಲಿದ್ದರೂ ಅಷ್ಟೇ. ಕೊಲ್ಲುವುದು ವರ್ಷವರ್ಷದ ಏರಿಳಿತ. ನೆಂದಾಗ ಇಟ್ಟಿಗೆ, ಗಾರೆ ನೀರು ಕುಡಿದು ಭಾರವಾಗುತ್ತವೆ, ಮೆತ್ತಗಾಗುತ್ತವೆ. ನೀರಿನಲ್ಲಿ ಸುಣ್ಣದ ಅಂಶ ಕರಗಿ ಹೋಗುತ್ತದೆ. ಒಣಗಿದಾಗ ಬಿರುಕು. ಆ ಬಿರುಕಿನಲ್ಲಿ ಅರಳಿ, ಆಲದ ಬೀಜ ಬಿದ್ದು ಬೇರುಬಿಡುತ್ತದೆ. ಮತ್ತೆ ನೀರು.

ಇದರ ಮೇಲೆ ಗಾಳಿ. ಅಗಲವಾದ ಹಿನ್ನೀರಿನಲ್ಲಿ ಎದ್ದ ಅಲೆ ಗೋಡೆಗೆ ಒಂದೇ ಎತ್ತರದಲ್ಲಿ ಮತ್ತೆ ಮತ್ತೆ ಬಡಿದು ಅಲ್ಲಿ ಗಾರೆಯನ್ನು ಕೆರೆಯುತ್ತದೆ. ಕಮಾನಿನ ಜೀವ ಇರುವುದು ಅಕ್ಕಪಕ್ಕದ ಒತ್ತಾಸೆಯಲ್ಲಿ. ಒಂದು ಬದಿಯ ಗೋಡೆ ಸಡಿಲಾದರೆ ಕಮಾನು ಕಾಲು ಚಾಚಿಕೊಂಡು ಕುಸಿಯುತ್ತದೆ. ಮೇಲೆ ಮಾಡಿನ ಕಟ್ಟು ಇದ್ದಿದ್ದರೆ ಎರಡೂ ಗೋಡೆಗಳನ್ನು ಅದು ಹಿಡಿದಿರುತ್ತಿತ್ತು. ಅದೂ ಇಲ್ಲ. ಈಚಿನ ವರ್ಷಗಳ ಮಳೆಗಾಲದಲ್ಲಿ ಒಂದಷ್ಟು ಭಾಗ ಬಿದ್ದೂ ಹೋಗಿದೆ.

ಸಿಮೆಂಟ್ ಮೆತ್ತಿ ಉಳಿಸಬಾರದೇ ಎಂದು ಕೇಳುವವರುಂಟು. ಸುಣ್ಣದ ಗಾರೆಗೆ ಉಸಿರಾಡುವ ಗುಣ ಇದೆ, ಕುಡಿದ ನೀರನ್ನು ಹೊರಗೆ ಬಿಡುತ್ತದೆ. ಅದರ ಮೇಲೆ ಸಿಮೆಂಟು ಬಳಿದರೆ ನೀರು ಒಳಗೇ ಸಿಕ್ಕಿಬಿದ್ದು ಹಳೆಯ ಇಟ್ಟಿಗೆಯನ್ನೇ ಪುಡಿ ಮಾಡುತ್ತದೆ. ಉಳಿಸುವುದಾದರೆ ಸುಣ್ಣದಲ್ಲೇ ಉಳಿಸಬೇಕು, ಬೇಸಿಗೆಯ ಕೆಲವೇ ವಾರಗಳಲ್ಲಿ. ಅದಕ್ಕೆ ದುಡ್ಡು ಬೇಕು, ಗಾರೆ ಬಲ್ಲ ಮೇಸ್ತ್ರಿ ಬೇಕು. ಎರಡನೆಯದು ಮೊದಲನೆಯದಕ್ಕಿಂತ ದುರ್ಲಭ.

ಬಾಕ್ಸ್ | ನೀರು ಹೊಕ್ಕ ಜಗತ್ತಿನ ಗುಡಿಗಳು

ಗ್ರೌನ್, ಇಟಲಿ: ಆಲ್ಪ್ಸ್ ಪರ್ವತದ ಈ ಹಳ್ಳಿ 1950ರಲ್ಲಿ ಮುಳುಗಿತು. 14ನೇ ಶತಮಾನದ ಗಂಟೆಗೋಪುರ ಮಾತ್ರ ಕೆರೆಯ ನಡುವೆ ನಿಂತಿದೆ. ಗಂಟೆಗಳನ್ನು ಮೊದಲೇ ಇಳಿಸಿದ್ದರೂ ಚಳಿಗಾಲದಲ್ಲಿ ಸದ್ದು ಕೇಳುತ್ತದೆಂಬ ಐತಿಹ್ಯ ನಿಂತಿಲ್ಲ.

ಡರ್ವೆಂಟ್, ಇಂಗ್ಲೆಂಡ್: ಲೇಡಿಬವರ್ ಜಲಾಶಯ ನುಂಗಿದ ಊರು. ನೆನಪಿಗೆಂದು ಉಳಿಸಿದ್ದ ಚರ್ಚಿನ ಗೋಪುರವನ್ನು ಅಪಾಯವೆಂದು 1947ರಲ್ಲಿ ಸ್ಫೋಟಿಸಿ ಕೆಡವಿದರು.

ಸೌ, ಸ್ಪೇನ್: ಕ್ಯಾಟಲೋನಿಯಾದ 11ನೇ ಶತಮಾನದ ಚರ್ಚು. 2023ರ ಬರದಲ್ಲಿ ಪೂರ್ತಿ ಒಣ ನೆಲದ ಮೇಲೆ ಬಂದು ನಿಂತಿತು.

ಕೆಚೂಲಾ, ಮೆಕ್ಸಿಕೊ: 1966ರಲ್ಲಿ ಮುಳುಗಿದ ಗುಡಿ 2015ರಲ್ಲಿ ನೀರು ಇಳಿದಾಗ ಅರ್ಧ ಎದ್ದಿತು. ಬೆಸ್ತರು ಜನರನ್ನು ದೋಣಿಯಲ್ಲಿ ಕರೆದೊಯ್ದು ತೋರಿಸಿದರು.

ಊರು ಬಿಡಿಸಲು ನೀರೇ ಬೇಕೆಂದಿಲ್ಲ

ಚೋರ್ಲಾ ಘಾಟ್ ಇಳಿದರೆ ಸಿಗುವ ಹಳೆಯ ಗೋವಾವನ್ನೇ ನೋಡಿ. ಅಲ್ಲಿ ಊರನ್ನು ಓಡಿಸಿದ್ದು ಕಾಲರಾ ಮತ್ತು ಮಲೇರಿಯಾ. ಪೋರ್ಚುಗೀಸರು ರಾಜಧಾನಿಯನ್ನೇ ಎತ್ತಿಕೊಂಡು ಹೋದರು, 1843ರಲ್ಲಿ ಪಣಜಿ ಅಧಿಕೃತ ರಾಜಧಾನಿಯಾಯಿತು. ಅದಕ್ಕೂ ಮೊದಲು, 1835ರಲ್ಲಿ, ಸನ್ಯಾಸಿ ಸಂಘಗಳನ್ನು ರದ್ದು ಮಾಡಿ ಮಠಗಳನ್ನು ಖಾಲಿ ಮಾಡಿಸಲಾಗಿತ್ತು. ನೋಡಿಕೊಳ್ಳುವವರಿಲ್ಲದ ಸಂತ ಅಗಸ್ಟಿನರ ಚರ್ಚಿನ ಚಾವಣಿ 1842ರಲ್ಲಿ ಕುಸಿಯಿತು. ಗೋಪುರದ ಅರ್ಧ 1931ರಲ್ಲಿ ಬಿತ್ತು. ಉಳಿದರ್ಧ ಇವತ್ತಿಗೂ ನಿಂತಿದೆ.

ಆದರೂ ಹಳೆಯ ಗೋವಾ ಸತ್ತಿಲ್ಲ. ಡಿಸೆಂಬರ್ 3ರ ಸಂತ ಫ್ರಾನ್ಸಿಸ್ ಝೇವಿಯರ್ ಹಬ್ಬಕ್ಕೆ ಬೆಳಗಾವಿ, ಖಾನಾಪುರ ಕಡೆಯಿಂದ ಪಾದಯಾತ್ರೆ ಹೊರಡುವವರು ಈಗಲೂ ಇದ್ದಾರೆ. ಪಂಢರಪುರದ ವಾರಿಯನ್ನು ನೋಡುತ್ತ ಬೆಳೆದ ಸೀಮೆಯಲ್ಲಿ ನಡೆದು ಹೋಗುವುದು ಯಾರಿಗೂ ವಿಚಿತ್ರ ಅನ್ನಿಸುವುದಿಲ್ಲ. ಅಲ್ಲಿ ಮನೆಗಳು ಹೋದವು, ಚರ್ಚುಗಳು ಉಳಿದವು, ಬರುವವರು ಬರುತ್ತಲೇ ಇದ್ದಾರೆ. ಶೆಟ್ಟಿಹಳ್ಳಿಯಲ್ಲಿ ಆದದ್ದು ಬೇರೆ. ಜನ ಉಳಿದರು, ಚರ್ಚು ಹೋಯಿತು.

ಒಕ್ಕಲೇ ಮೊದಲು

'ಪಾಳುಬಿದ್ದ ಚರ್ಚು' ಎಂಬ ಶೀರ್ಷಿಕೆ ಕಂಡಾಗೆಲ್ಲ ನನಗೊಂದು ತಕರಾರು ಇದೆ. ಪಾಳು ಅನ್ನುವುದು ನೋಡಿಕೊಳ್ಳಲಾಗದೆ, ಬೇಡವಾಗಿ ಬಿಟ್ಟದ್ದಕ್ಕೆ. ಶೆಟ್ಟಿಹಳ್ಳಿಯವರು ಬೇಡವೆಂದು ಬಿಟ್ಟವರಲ್ಲ, ಎಬ್ಬಿಸಿದ್ದಕ್ಕೆ ಎದ್ದವರು.

ಕ್ಯಾಥೊಲಿಕ್ ಧರ್ಮಸಭೆಯ ಕಾನೂನಿನಲ್ಲೂ ಇದಕ್ಕೊಂದು ಕುತೂಹಲದ ತಿರುವು ಇದೆ. 1917ರ ಸಂಹಿತೆಯ ಪ್ರಕಾರ ಧರ್ಮಕೇಂದ್ರ ಎಂದರೆ ಧರ್ಮಪ್ರಾಂತದೊಳಗಿನ ಒಂದು ಭಾಗ, ಗಡಿ ಗುರುತಿರುವ ನೆಲ, ಅದಕ್ಕೊಂದು ಚರ್ಚು. 1983ರ ಹೊಸ ಸಂಹಿತೆಯ 515ನೇ ವಿಧಿ ಮಾತನ್ನು ಬೇರೆ ಕಡೆಯಿಂದ ಶುರುಮಾಡುತ್ತದೆ: ಧರ್ಮಕೇಂದ್ರ ಎಂದರೆ ವಿಶ್ವಾಸಿಗಳ ಒಂದು ಸಮುದಾಯ. ನೆಲದ ಮಾತು ಆಮೇಲೆ ಬರುತ್ತದೆ. ಹೇಮಾವತಿ ತುಂಬಿದ್ದು 1979ರಲ್ಲಿ. ಶೆಟ್ಟಿಹಳ್ಳಿ ಒಕ್ಕಲು ನೆಲ ಕಳೆದುಕೊಂಡಾಗ ಹಳೆಯ ಕಾನೂನೇ ಇತ್ತು. ರೋಮಿನವರು ಬರೆಯುವ ನಾಲ್ಕು ವರ್ಷ ಮೊದಲೇ ಅವರು ಅದನ್ನು ಬದುಕಿ ತೋರಿಸಬೇಕಾಯಿತು.

ಇಂದು ಹಾಸನ ಜಿಲ್ಲೆಯ ಕ್ಯಾಥೊಲಿಕರು 1963ರಲ್ಲಿ ರಚನೆಯಾದ ಚಿಕ್ಕಮಗಳೂರು ಧರ್ಮಪ್ರಾಂತಕ್ಕೆ ಸೇರಿದವರು. ಹೊಸ ಊರುಗಳಲ್ಲಿ ಬಲಿಪೂಜೆ ನಡೆಯುತ್ತದೆ, ಮದುವೆಯಾಗುತ್ತದೆ, ಮಕ್ಕಳಿಗೆ ಹೆಸರಿಡುತ್ತಾರೆ. ಆ ಚರ್ಚುಗಳ ಮುಂದೆ ಯಾರೂ ಗೌನು ಎತ್ತಿಕೊಂಡು ಫೋಟೋ ತೆಗೆಸಿಕೊಳ್ಳುವುದಿಲ್ಲ. ಬದುಕಿರುವ ಚರ್ಚಿಗೆ ಅಂಥ ಮಾರುಕಟ್ಟೆ ಇಲ್ಲ.

ಪ್ರವಾಸೋದ್ಯಮ ಇಲಾಖೆಯ ಮುಂದೆ ದುಬಾರಿ ಬೇಡಿಕೆ ಏನೂ ಇಲ್ಲ. ದಡದಲ್ಲಿ ಒಂದು ಕಲ್ಲು ನೆಡಲಿ: ಈ ನೀರಿಗಾಗಿ ಯಾವ ಯಾವ ಊರು ಎದ್ದವು, ಎಷ್ಟು ಮನೆ, ಎಲ್ಲಿಗೆ ಹೋದವು. ಕ್ರೈಸ್ತರದಷ್ಟೇ ಅಲ್ಲ, ಬಸವಣ್ಣನ ಗುಡಿ, ಮಾರಮ್ಮನ ಗುಡಿ ಬಿಟ್ಟು ಎದ್ದ ಊರುಗಳದೂ ಸೇರಿಸಿ. ಗೋಥಿಕ್ ಕಮಾನು ಇಲ್ಲದ ತಪ್ಪಿಗೆ ಅವುಗಳ ಫೋಟೋ ಯಾರ ಫೋನಿನಲ್ಲೂ ಇಲ್ಲ.

ಹೋಗುವವರಿಗೆ ಎರಡು ಮಾತು. ಫೋಟೋ ಬೇಕಿದ್ದರೆ ಆಗಸ್ಟ್‌ನಿಂದ ಅಕ್ಟೋಬರ್. ನೀರು ತುಂಬಿದ್ದಾಗ ಈಜುವ ಸಾಹಸ ಬೇಡ, ಕೆಳಗೆ ಗೋಡೆಯ ಚೂರುಗಳಿವೆ. ಚರ್ಚನ್ನೇ ನೋಡಬೇಕಿದ್ದರೆ ಮಾರ್ಚ್‌ನಿಂದ ಮೇ, ಗೋಡೆ ಹತ್ತುವಂತಿಲ್ಲ. ಹಿಂತಿರುಗುವಾಗ ನೇರ ಹಾಸನದ ಹೋಟೆಲಿಗೆ ಓಡದೆ ಮರಿಯನಗರದ ಕಡೆಗೂ ಒಮ್ಮೆ ಗಾಡಿ ತಿರುಗಿಸಿ. ಹಳೆಯ ಊರಿನಲ್ಲಿ ಹುಟ್ಟಿ ಬೆಳೆದವರು ಅಲ್ಲಿನ್ನೂ ಇದ್ದಾರೆ, ಮಾತಾಡಿಸಿದರೆ ಯಾರ ಮನೆ ಎಲ್ಲಿತ್ತು ಎಂದು ಬೆರಳು ತೋರಿಸಿ ಹೇಳಬಲ್ಲವರು.